ಚೀನೀ ಕಾಳಗಕ್ಕೆ ಬೆಟಗೇರಿಯ ಪೇಟಿ

ಜೂನ್ 22, ಭಾನುವಾರ. ಬೆಳಿಗ್ಗೆ ಆರು ಗಂಟೆ ನಲವತ್ತು ನಿಮಿಷಕ್ಕೆ ಬರೆಯಲು ಕೂತಿದ್ದೇನೆ. ಮಲ್ಲಸಮುದ್ರದ ನಮ್ಮ ಮನೆಯಲ್ಲಿ ಇನ್ನೂ ಚಹಾ ಆಗಿಲ್ಲ. ಇವತ್ತು ಸ್ಟುಡಿಯೋಕ್ಕೂ ರಜೆ. ಅರ್ಧಕ್ಕೆ ಬಿಡದೆ ಮುಗಿಸಬಹುದು.

ಮೂರು ವಾರದ ಹಿಂದೆ ಒಂದು ಸಂಜೆ, ನಮ್ಮಲ್ಲಿ ಪೇಟಿ, ಎಂದರೆ ಹಾರ್ಮೋನಿಯಂ, ಬಾರಿಸುತ್ತಿದ್ದ ಮಾಸ್ತರರ ಮನೆಗೆ ಹೋಗಿದ್ದೆ. ಅವರು ತೀರಿಕೊಂಡು ನಾಲ್ಕು ತಿಂಗಳಾಯಿತು. ಅವರ ಹೆಂಡತಿಯನ್ನು ನಾವೆಲ್ಲ ಅಮ್ಮಾರು ಎನ್ನುತ್ತೇವೆ. ಮುಂಡರಗಿಯ ಮಗಳು ಕೊಟ್ಟ ಮೊಬೈಲನ್ನು ನೀರಿನ ತಂಬಿಗೆಗೆ ಆನಿಸಿಟ್ಟು ಅಮ್ಮಾರು ಒಂದು ಚೀನೀ ಹೊಡೆದಾಟದ ಚಿತ್ರ ನೋಡುತ್ತಿದ್ದರು. ನನ್ನನ್ನು ಕಂಡವರೇ ಚಿತ್ರ ನಿಲ್ಲಿಸಿದರು.

"ಬಾ ತಂಗಿ, ಕುಂಡ್ರು. ಇದರಾಗ ನಮ್ಮವರು ಎಲ್ಲಿ ಅದಾರ ಹೇಳು. ಎರಡ ಸಲ ನೋಡಿದೆ. ಬರೇ ಢಂ ಢಂ ಅಂತೈತಿ. ಪೇಟಿ ಸಪ್ಪಳಾನ ಇಲ್ಲ."

ಚಿತ್ರ ನಮ್ಮದೇ. ಮಾತೂ ನಾವೇ ಕನ್ನಡಕ್ಕೆ ತಂದದ್ದು. ಸಂಗೀತ ಮಾತ್ರ ಮಾಸ್ತರರದಲ್ಲ. ಯಾರೋ ಅದನ್ನು ಕಿತ್ತು ಕಂಪ್ಯೂಟರಿನ ಸಂಗೀತ ತುಂಬಿದ್ದಾರೆ. ಇದನ್ನು ಅಮ್ಮಾರಿಗೆ ಬಿಡಿಸಿ ಹೇಳಲು ನನಗೆ ಬಹಳ ಹೊತ್ತು ಹಿಡಿಯಿತು.

"ಹಂಗಾರ ಹುಡುಕು," ಎಂದರು. "ಅವರು ಭಜನಿಗೆ ಬಾರಿಸಿದ್ದು ಕೇಳೇನಿ, ಮಕ್ಕಳಿಗೆ ಕಲಿಸಿದ್ದು ಕೇಳೇನಿ. ಕಾಳಗಕ್ಕ ಬಾರಿಸಿದ್ದು ಒಮ್ಮಿನೂ ಕೇಳಿಲ್ಲ. ನಾಟಕದ ಕಂಪನಿ ಇದ್ದಾಗ ಅವರು ಊರೂರು ತಿರಗತಿದ್ರು, ನಾ ಮನ್ಯಾಗ ಇರ್ತಿದ್ದೆ. ಈ ಪಿಚ್ಚರ್ ಬಂದಾಗ ನಾಳೆ ನೋಡಿದ್ರಾತು ಅಂತ ಬಿಟ್ಟೆ. ನೀ ಎಲ್ಲಾ ಬರದಿಡತೀಯಲ್ಲ, ಇದನ್ನೂ ಬರಿ. ಓದಿದವರ ಹತ್ರ ಇದ್ರೂ ಇರಬಹುದು."

ಅದಕ್ಕೇ ಈ ಬರಹ. ಮಾಸ್ತರರ ಹೆಸರು ಹಾಕುತ್ತಿಲ್ಲ. ಅದು ಅವರದೇ ಅಪ್ಪಣೆ. "ನನ್ನ ಬಗ್ಗೆ ಏನಾರ ಬರದ್ರ ಹೆಸರು ಹಾಕಬ್ಯಾಡ. ಹಾಕಿದ್ರ ಗದಗಿನಾಗ ಪೇಟಿ ಕೆಟ್ಟವರೆಲ್ಲಾ ನನ್ನ ಮನಿಗೇ ಬರ್ತಾರ," ಎಂದು ಒಮ್ಮೆ ಹೇಳಿದ್ದರು. ಈಗ ಯಾರೂ ಬರಲಾರರು, ಆದರೂ ಮಾತು ಮಾತೇ.

ನಾನು ಕೆಲಸ ಮಾಡುವ ಸ್ಟುಡಿಯೋ ಬೆಟಗೇರಿಯ ನೇಕಾರರ ಓಣಿಯಲ್ಲಿದೆ. ಎರಡು ಕೋಣೆ, ಗೋಡೆಗೆ ಹಳೆಯ ಗಾದಿಗಳನ್ನು ಬಡಿದಿದ್ದೇವೆ. ಹೆಚ್ಚಿನ ದಿನ ಮದುವೆಯ ವಿಡಿಯೋ, ಚುನಾವಣೆ ಬಂದರೆ ಪ್ರಚಾರದ ಹಾಡು. ಪಕ್ಕದ ಗೋಡೆಯಾಚೆ ಮಗ್ಗದ ಶೆಡ್ಡು. ಎಂಟು ವಿದ್ಯುತ್ ಮಗ್ಗಗಳು ಬೆಳಿಗ್ಗೆಯಿಂದ ಸಂಜೆಯವರೆಗೆ ಖಟಾಖಟ್ ಎನ್ನುತ್ತವೆ. ಎಷ್ಟು ಗಾದಿ ಬಡಿದರೂ ಆ ಸದ್ದು ಒಳಗೆ ಬರುತ್ತದೆ. ಹಾಗಾಗಿ ನಮ್ಮ ಕೆಲಸಕ್ಕೆ ಒಂದು ವಿಚಿತ್ರ ನಿಯಮ ಬಂತು: ಕರೆಂಟ್ ಹೋದ ಕೂಡಲೇ ರೆಕಾರ್ಡಿಂಗ್. ಕರೆಂಟ್ ಹೋದರೆ ಮಗ್ಗ ನಿಲ್ಲುತ್ತವೆ, ನಮಗೆ ಇನ್ವರ್ಟರ್ ಇದೆ. ಇಡೀ ಓಣಿ ಕರೆಂಟಿನವರನ್ನು ಬೈಯುವ ಹೊತ್ತಿಗೆ ನಮ್ಮಲ್ಲಿ ಮಾತ್ರ "ಹೋತು, ಹೋತು! ಬರ್ರಿ ಜಲ್ದಿ!" ಎಂದು ಸಂಭ್ರಮ. ಕರೆಂಟ್ ಹೋದ ಹೊತ್ತು, ಬಂದ ಹೊತ್ತು ನಾನು ದಿನಾ ಬರೆದಿಡುತ್ತಿದ್ದೆ. ನಮ್ಮ ಮಾಲೀಕರಾದ ಸಾವುಕಾರರು ಅದನ್ನು ಪಂಚಾಂಗ ಎನ್ನುತ್ತಿದ್ದರು.

ಸಾವುಕಾರರಿಗೆ ಹುಬ್ಬಳ್ಳಿಯ ಒಬ್ಬ ವ್ಯಾಪಾರಿಯ ಗುರುತಿತ್ತು. ನಾವು ಅವರನ್ನು ಪಾರ್ಟಿ ಎನ್ನುತ್ತೇವೆ. ಪಾರ್ಟಿಯವರು ಎಲ್ಲಿಂದಲೋ ಹಳೆಯ ಚೀನೀ ಹೊಡೆದಾಟದ ಚಿತ್ರಗಳ ಹಕ್ಕು ಕೊಂಡು, ನಮ್ಮ ಕಡೆಯ ಕನ್ನಡದಲ್ಲಿ ಮಾತಾಡಿಸಿ ಯೂಟ್ಯೂಬ್ ಚಾನೆಲ್ಲಿಗೆ ಹಾಕುವ ಯೋಚನೆ ಮಾಡಿದ್ದರು. ಮೊದಲ ಚಿತ್ರ ಬಂತು. ಅದರ ಹೆಸರು ನಮ್ಮಲ್ಲಿ ಯಾರಿಗೂ ಓದಲು ಬರಲಿಲ್ಲ. ಒಬ್ಬ ಅಂಬಿಗರ ಹುಡುಗ, ಅವನ ದೋಣಿ ನಿಲ್ಲುವ ದಂಡೆಯನ್ನು ಕಬಳಿಸಿದ ಜಮೀನುದಾರ, ಕೊನೆಗೆ ಇಬ್ಬರಿಗೂ ಮೊಣಕಾಲುದ್ದ ನೀರಿನಲ್ಲಿ ಕಾಳಗ. ನಾವು ಅದನ್ನು ಅಂಬಿಗರ ಪಿಚ್ಚರ್ ಎಂದೆವು.

ತೊಂದರೆ ಇದ್ದದ್ದು ಧ್ವನಿಯಲ್ಲಿ. ಮಾತು, ಸದ್ದು, ಸಂಗೀತ ಬೇರೆ ಬೇರೆಯಾಗಿ ಬರಬೇಕಿತ್ತು. ಮೂರೂ ಕಲಸಿ ಒಂದೇ ಆಗಿ ಬಂದಿತ್ತು. ಚೀನೀ ಮಾತು ತೆಗೆದರೆ ಸಂಗೀತವೂ ಹೋಗುತ್ತಿತ್ತು, ಹುಡುಗ ನಡೆದ ಸಪ್ಪಳವೂ ಹೋಗುತ್ತಿತ್ತು. ಎಲ್ಲವನ್ನೂ ಹೊಸದಾಗಿ ಮಾಡಬೇಕು. ಆಗ ಸಾವುಕಾರರಿಗೆ ಮಾಸ್ತರ್ ನೆನಪಾದರು.

ಅವರು ಬಂದದ್ದು ಒಂದು ಸೋಮವಾರ, ಟಂಟಂ ಗಾಡಿಯಲ್ಲಿ, ತಮ್ಮ ಪೇಟಿಯನ್ನು ತೊಡೆಗೆ ಆನಿಸಿಕೊಂಡು. ಅದು ಕಾಲಲ್ಲಿ ತುಳಿದು ಗಾಳಿ ಹಾಕಿ ಎರಡೂ ಕೈಯಿಂದ ಬಾರಿಸುವ ದೊಡ್ಡ ಹಾರ್ಮೋನಿಯಂ, ನಾಟಕದ ಕಂಪನಿಗಳದ್ದು. ಎಪ್ಪತ್ತು ದಾಟಿದ ಸಣಕಲು ಮೈ, ಕರಿ ಟೊಪ್ಪಿಗೆ, ಇಸ್ತ್ರಿ ಮಾಡಿದ ಧೋತರ. ಕೂತೊಡನೆ ಬಲಗಾಲಿನ ಚಪ್ಪಲಿ ಮಾತ್ರ ಬಿಟ್ಟರು, ಎಡಗಾಲಿನದು ಬಿಡಲಿಲ್ಲ. ನಾನು ನೋಡುತ್ತಿದ್ದುದನ್ನು ಕಂಡು, "ಬಲಗಾಲು ದುಡೀತೈತಿ, ಎಡಗಾಲು ಕುಂತು ಉಣ್ಣತೈತಿ. ಅದಕ್ಕ ಚಪ್ಪಲಿನ ಅದರ ದೌಲತ್ತು," ಎಂದರು.

ಕಂಪನಿ ಮುಚ್ಚಿದ ಮೇಲೆ ಅವರು ಭಜನೆಗೆ, ಮದುವೆಗೆ ಬಾರಿಸುತ್ತ, ಮಕ್ಕಳಿಗೆ ಪಾಠ ಹೇಳುತ್ತ ಇದ್ದರು. ಬೇಸರವಿರಲಿಲ್ಲವೇ ಎಂದು ಕೇಳಿದ್ದೆ.

"ಎಲ್ಲಾ ಚಂದಿತ್ತು ಯವ್ವಾ. ಒಂದ ಕೊರತಿ. ಖಳನಾಯಕ ಇರಲಿಲ್ಲ. ಭಜನಿಯೊಳಗ ಖಳನಾಯಕ ಎಲ್ಲಿಂದ ತರ್ತಿ? ಮದುವಿಯೊಳಗ ಇರ್ತಾನ, ಖರೆ. ಆದರ ಅಂವ ಬಂದಾಗ ಬಾರಸಾಕ ಬಿಡೂದಿಲ್ಲ."

ಚಿತ್ರದ ಜಮೀನುದಾರನನ್ನು ನೋಡಿದ ಕೂಡಲೇ ಮಾಸ್ತರರ ಮುಖ ಅರಳಿತು. ಆ ಮನುಷ್ಯನ ಹತ್ತೂ ಬೆರಳಿಗೆ ಉಂಗುರ. "ಅಬಾಬಾ! ಎಂಥಾ ಪಾಪಿ! ಇಂಥವನ ಸಲುವಾಗಿ ಎಷ್ಟು ವರ್ಷ ಕಾದೇನಿ!" ಎಂದು ಕೈಮುಗಿದರು. ಅವನಿಗೆ ಅವತ್ತೇ ಉಂಗುರಪ್ಪ ಎಂದು ಹೆಸರಿಟ್ಟರು. ಚಿತ್ರದಲ್ಲಿ ಅವನು ಇನ್ನೂ ಬಾಗಿಲ ಹೊರಗಿರುವಾಗಲೇ ಪೇಟಿಯ ತಳದ ಒಂದು ಸ್ವರವನ್ನು ಒತ್ತಿ ಹಿಡಿದರು. ಮುಖ ಕಾಣುವ ಮೊದಲೇ ನನ್ನ ತೋಳಿನ ಕೂದಲು ನಿಂತವು.

ದೋಣಿ ಸಾಗುವಾಗ ಒಂದು, ಹುಡುಗ ಉಣ್ಣುವಾಗ ಒಂದು, ಅವನ ಗುರುವಾದ ಮುದುಕಿ ಸಿಟ್ಟಾಗುವಾಗ ಒಂದು, ಹೀಗೆ ನಾಲ್ಕೇ ದಿನದಲ್ಲಿ ಕಾಳಗ ಬಿಟ್ಟು ಉಳಿದದ್ದೆಲ್ಲ ಮುಗಿಯಿತು. ಸಾವುಕಾರರು ಪೇಡೆ ತರಿಸಿದರು. ಐದನೆಯ ದಿನ ಮೊದಲ ಕಾಳಗಕ್ಕೆ ಕೈ ಹಾಕಿದೆವು. ಅಲ್ಲೇ ಕಾಲು ಸಿಕ್ಕಿಕೊಂಡಿತು.

ಮಾಸ್ತರ್ ಎಂಟು ಮಾತ್ರೆಯ ತಾಳ ಹಿಡಿದು ಬಿರುಸಾಗಿ ಹೊರಟರು. ಹುಡುಗ ಒದ್ದ. ತಾಳದ ಮೊದಲ ಪೆಟ್ಟಾದ ಸಮ್‌ಗೆ ಬೀಳಬೇಕಾಗಿದ್ದ ಒದೆ ಅರ್ಧ ಮಾತ್ರೆ ಮೊದಲೇ ಬಿತ್ತು. ಮಾಸ್ತರ್ ನಿಲ್ಲಿಸಿದರು. ಮತ್ತೆ ಹೊರಟರು. ಮತ್ತೆ ಹಾಗೇ.

"ಲೇ ತಮ್ಮಾ!" ಎಂದು ಪರದೆಗೇ ಬೈದರು. "ಸಮ್ ಎಲ್ಲೈತಿ, ನಿನ್ನ ಕಾಲ ಎಲ್ಲೈತಿ? ನಿಮ್ಮ ಚೀನಾದಾಗ ತಾಲೀಮ ಮಾಡ್ಸೂದಿಲ್ಲೇನು?"

"ಮಾಸ್ತರ, ಅಂವಗ ನಿಮ್ಮ ಪೇಟಿ ಕೇಳಸೂದಿಲ್ರಿ," ಎಂದೆ.

"ಕೇಳಬೇಕಲ್ಲ! ಕಂಪನಿಯೊಳಗ ಎಂಥೆಂಥಾ ಭೀಮ ದುರ್ಯೋಧನರು ನನ್ನ ಪೇಟಿ ಕೇಳಿ ಗದಾ ಎತ್ತತಿದ್ರು. ಇಂವ ಯಾವ ಗಿಡದ ತಪ್ಪಲ?"

ನಾಟಕದಲ್ಲಿ ಹಾಗೆಯೇ ಅಂತೆ. ಪೇಟಿ ಹೇಳಿದಾಗ ಗದೆ ಏಳಬೇಕು, ಪೇಟಿ ಹೇಳಿದಾಗ ಬೀಳಬೇಕು. ಕಾಳಗವೇ ಪೇಟಿಯ ಹಿಂದೆ ನಡೆಯುತ್ತಿತ್ತು. ಇಲ್ಲಿ ಎಂದೋ ಎಲ್ಲೋ ನಡೆದುಹೋದ ಕಾಳಗದ ಹಿಂದೆ ಪೇಟಿ ನಡೆಯಬೇಕು. ಅದು ಅವರಿಗೆ ಒಗ್ಗಲಿಲ್ಲ. ನನ್ನ ಕಡೆ ತಿರುಗಿ, "ಯವ್ವಾ, ನಿನ್ನ ಮಶೀನಿನಾಗ ಅವನ ಕಾಲ ಸಲ್ಪ ಸರಸಾಕ ಬರ್ತದೇನು?" ಎಂದರು.

ಬರುತ್ತಿತ್ತು. ಸರಿಸಿದೆ. ಅವರು ಹೇಳಿದಲ್ಲಿ ಕತ್ತರಿಸಿ, ಹೇಳಿದಲ್ಲಿ ಜೋಡಿಸಿ ಎರಡು ದಿನ ಕೂತು ಇಡೀ ಕಾಳಗವನ್ನು ತಾಳಕ್ಕೆ ಕೂಡಿಸಿದೆವು. ನಮಗಿಬ್ಬರಿಗೂ ಬಹಳ ಚೆಂದ ಕಂಡಿತು. ಸಾವುಕಾರರನ್ನು ಕರೆದು ತೋರಿಸಿದೆವು. ಅವರು ಕಣ್ಣು ಕಿರಿದು ಮಾಡಿ ನೋಡಿದರು.

"ಉಂಗುರಪ್ಪ ಎರಡ ಸಲ ಯಾಕ ಬೀಳ್ತಾನ?"

"ಒಮ್ಮೆ ಬಿದ್ರ ಎರಡ ಮಾತ್ರಿ ಉಳೀತಾವರಿ," ಎಂದರು ಮಾಸ್ತರ್.

"ಹುಡುಗ ಅದ ಕಪಾಳಕ್ಕ ಮೂರ ಸಲ ಹೊಡದ. ಕೈ ಒಂದ ಸಲಾನ ಎತ್ತ್ಯಾನ."

"ಆವರ್ತನ ತುಂಬಬೇಕಲ್ಲರಿ ಸಾವ್ಕಾರ್ರ."

ಸಾವುಕಾರರು ನಗಲಿಲ್ಲ. ಚಿತ್ರದ ಒಂದು ಚೂರನ್ನೂ ಕತ್ತರಿಸಬಾರದು, ಹಿಗ್ಗಿಸಬಾರದು ಎಂದು ಪಾರ್ಟಿಯವರ ಕರಾರು ಇತ್ತು. ಅದನ್ನು ಅವರು ನಮಗೆ ಹೇಳಿರಲಿಲ್ಲ, ನಾವೂ ಕೇಳಿರಲಿಲ್ಲ. ಅವರು ಮಾಸ್ತರರ ಎದುರಿಗೇ ಹೇಳಿದರು: "ಮುಂದಿನ ಸೋಮವಾರ ಪಾರ್ಟಿ ನೋಡಾಕ ಬರ್ತಾರ. ಅಷ್ಟರಾಗ ಕಾಳಗ ಕುಂತ್ರ ಕುಂತು. ಇಲ್ಲಾಂದ್ರ ಕಂಪ್ಯೂಟರಿನಾಗ ಸಿದ್ಧ ಸಂಗೀತ ಸಿಗತೈತಿ, ಅದನ್ನ ಹಾಕೂದು. ಪೂರಾ ಪಿಚ್ಚರಿಗೆ. ಅರ್ಧ ಇದು ಅರ್ಧ ಅದು ನಡೆಯೂದಿಲ್ಲ."

ಮಾಸ್ತರ್ ಟೊಪ್ಪಿಗೆ ತೆಗೆದು ಒಳಗೆ ನೋಡಿ ಮತ್ತೆ ಇಟ್ಟುಕೊಂಡರು. ಏನಾದರೂ ನಾಟಿದರೆ ಅವರು ಹೀಗೆ ಮಾಡುತ್ತಿದ್ದರು. ಉಂಗುರಪ್ಪನನ್ನು ಕಳಕೊಳ್ಳಲು ಅವರು ತಯಾರಿರಲಿಲ್ಲ.

ಈ ನಡುವೆ ಏಟುಗಳ ಸದ್ದಿಗೆಂದು ಸಾವುಕಾರರು ಶಿರಹಟ್ಟಿ ಕಡೆಯಿಂದ ಈರಣ್ಣ ಎಂಬವರನ್ನು ಕರೆಸಿದ್ದರು. ಐವತ್ತರ ಆಸುಪಾಸಿನ ಗಟ್ಟಿ ಆಳು, ಕೋಣೆಯೊಳಗೂ ಕರಿ ಕನ್ನಡಕ, ಕೊರಳಲ್ಲಿ ಕೆಂಪು ಕರವಸ್ತ್ರ. ಕುಸ್ತಿಯ ಕಣದಲ್ಲಿ ಹಲಗಿ, ಅಂದರೆ ತಮಟೆ, ಬಾರಿಸುವುದರಲ್ಲಿ ತಮ್ಮನ್ನು ಮೀರಿಸಿದವರಿಲ್ಲ ಎಂದು ಬಂದ ಅರ್ಧ ತಾಸಿನಲ್ಲಿ ಅವರೇ ನನಗೆ ಮೂರು ಸಲ ಹೇಳಿದರು. ಇಲ್ಲಿ ಅವರ ಕೆಲಸ ಹತ್ತಿಯ ಚೀಲಕ್ಕೆ ಗುದ್ದುವುದು, ಒದ್ದೆ ಗೋಣಿ ಬಡಿಯುವುದು. ಬಾಗಿಲ ಹತ್ತಿರ ಚೀಲದ ಮೇಲೆ ಕೂತು ಅಷ್ಟನ್ನು ಮಾಡುತ್ತಿದ್ದರು. ಹಲಗಿ ಮಾತ್ರ ಹೆಗಲಲ್ಲೇ ಇರುತ್ತಿತ್ತು.

ಸಾವುಕಾರರು ಮಾತಾಡಿ ಹೋದ ಮರುದಿನ ಮಾಸ್ತರ್ ಮತ್ತೆ ಅದೇ ಕಾಳಗ ಹಾಕಿಸಿ ಹೆಣಗುತ್ತಿದ್ದರು. ಬಾಗಿಲ ಹತ್ತಿರದಿಂದ ಹಲಗಿಯ ಸದ್ದು ಬಂತು. ಒದೆ ಬಿದ್ದ ಚಣಕ್ಕೇ ಸರಿಯಾಗಿ ಪೆಟ್ಟು. ಮತ್ತೊಂದು ಒದೆ, ಮತ್ತೊಂದು ಪೆಟ್ಟು. ಹುಡುಗ ತಡೆದು ನಿಂತರೆ ಹಲಗಿ ಸಣ್ಣಗೆ ಕುದಿಯುತ್ತಿತ್ತು.

ಮಾಸ್ತರ್ ತಿರುಗಿ ನೋಡಿದರು. "ಏನಪಾ, ಈ ಪಿಚ್ಚರ್ ಮೊದ್ಲ ನೋಡಿಯೇನು?"

"ಇಲ್ರಿ. ನೀವು ಅವನ ಕಾಲ ನೋಡಾಕತ್ತೀರಿ. ಕಾಲ ಸುಳ್ಳ ಹೇಳತೈತಿ. ಪೈಲವಾನ ಹೊಡಿಯೂಕಿಂತ ಮೊದ್ಲ ಅವನ ಭುಜ ಹೇಳತೈತಿ, ಬಂದೆ ಅಂತ. ನಾ ಭುಜಕ್ಕ ಬಾರಸ್ತೀನಿ. ಈ ಜಿಲ್ಲಾದಾಗ ಇದು ನನಗೊಬ್ಬಗ ಗೊತ್ತ ನೋಡ್ರಿ."

"ತಾಳ?"

"ಕುಸ್ತಿಯೊಳಗ ತಾಳ ಪೈಲವಾನಂದು. ನಾವು ಅವನ ಬೆನ್ನ ಹತ್ತಬೇಕು."

"ಪೇಟಿ ಯಾರ ಬೆನ್ನೂ ಹತ್ತೂದಿಲ್ಲ," ಎಂದು ಮಾಸ್ತರ್ ಗುಡುಗಿ ಚಹಾ ಕುಡಿಯಲು ಹೊರಗೆ ಹೋದರು. ಒಂದು ಚಹಾಕ್ಕೆ ಹೋದವರು ಎರಡು ಚಹಾ ಕುಡಿದು ಬಂದರು. ಬಂದವರೇ ತಮ್ಮ ಕುರ್ಚಿ ಎತ್ತಿದರು. ಕಂಪನಿಯಲ್ಲಿ ಪೇಟಿಯ ಮಾಸ್ತರ್ ಎಲ್ಲರಿಗಿಂತ ಮುಂದೆ ಕೂರುವುದು ರೂಢಿ. ತಬಲಾದವರು, ಉಳಿದವರು ಅವರ ಬೆನ್ನಿಗೆ. ನಮ್ಮ ಸ್ಟುಡಿಯೋದಲ್ಲೂ ಪರದೆಯ ಎದುರಿನ ಜಾಗ ಅವರದೇ ಆಗಿತ್ತು. ಆ ಕುರ್ಚಿಯನ್ನು ಹಿಂದಕ್ಕೆ ತಂದಿಟ್ಟು, ನನಗೆ ಹೇಳಿ ಪೇಟಿಯನ್ನೂ ಹಿಂದಕ್ಕೆ ತರಿಸಿದರು.

"ಈರಣ್ಣಾ, ಬಾಗಲದಾಗ ಕುಂತ್ರ ನಿನ್ನ ಕೈ ನನಗ ಕಾಣೂದಿಲ್ಲ. ಮುಂದ ಬಂದು ಕುಂಡ್ರು."

ಈರಣ್ಣ ನನ್ನನ್ನು ನೋಡಿದರು. ಕರಿ ಕನ್ನಡಕ ತೆಗೆದರು. "ಅಲ್ಲಿ ನೀವು ಕುಂಡ್ರೂ ಜಾಗಾರಿ."

"ಬೆನ್ನ ಹತ್ತಬೇಕಂದ್ರ ಹಿಂದ ಇರಬೇಕಲ್ಲೋ. ಬಾ."

ಈರಣ್ಣ ಬಂದು ಕೂತರು. ಅವತ್ತು ಉಳಿದ ಹೊತ್ತೆಲ್ಲ ಅವರ ಬಾಯಿಂದ ಒಂದೂ ಬಡಾಯಿ ಬರಲಿಲ್ಲ. ನಾನು ಆ ದಿನದ ಪುಟದಲ್ಲಿ ಬರೆದುಕೊಂಡ ಮಾತು ಅದೊಂದೇ.

ಹಾಗೆಂದು ಎಲ್ಲ ಸರಿಹೋಯಿತು ಎಂದಲ್ಲ. ಮರುದಿನ ಇನ್ನೊಂದು ತಕರಾರು ಹುಟ್ಟಿತು. ಹುಡುಗ ಹೊಡೆದಾಗ ಹಲಗಿ ಸಿಡಿಲಿನಂತೆ ಮಾತಾಡುತ್ತಿತ್ತು. ಉಂಗುರಪ್ಪ ಹೊಡೆದಾಗ ಸದ್ದೇ ಇರಲಿಲ್ಲ.

"ಅಂವ ಹೊಡದಾಗ ನಿನ್ನ ಹಲಗಿ ಯಾಕ ಬಾಯಿ ಮುಚಗೊಂಡು ಕುಂತಿತ್ತು?" ಮಾಸ್ತರ್ ಕೇಳಿದರು.

"ಅವಂಗ ನಾ ಯಾಕ ಬಾರಸ್ಲಿರಿ? ಅಂವ ನಮ್ಮಂವ ಅಲ್ಲ."

"ಈ ಹುಡುಗ ಯಾವಾಗ ನಿಮ್ಮಂವ ಆದ? ಶಿರಹಟ್ಟಿಯಂವನೇನು?"

"ಆಗ್ಯಾನರಿ ಈಗ. ಕಣದಾಗ ನಾವು ಒಬ್ಬನ್ನ ಹಿಡಿದಿವಿ ಅಂದ್ರ ಹಿಡಿದಿವಿ. ಆಚಿಯವಂಗ ಆಚಿ ಊರಿನವ್ರು ಬಾರಸ್ತಾರ. ಇಲ್ಲಿ ಆಚಿ ಊರಿನವ್ರು ಬಂದಿಲ್ಲ, ನಾ ಏನ್ ಮಾಡ್ಲಿ?"

ಅರ್ಧ ದಿನ ಹೇಳಿದೆವು. ಉಂಗುರಪ್ಪನ ಏಟು ಬಂದಾಗ ಈರಣ್ಣನ ಕೈ ಮೇಲೇಳುತ್ತಲೇ ಇರಲಿಲ್ಲ. ಎದ್ದರೂ ಮಕ್ಕಳ ಡೋಲಿನಷ್ಟು ಸಣ್ಣ ಸದ್ದು. ನಾನು ತಲೆ ಹಿಡಿದುಕೊಂಡೆ. ಮಾಸ್ತರ್ ಮಾತ್ರ ಯೋಚಿಸುತ್ತ ಕೂತವರು ಇದ್ದಕ್ಕಿದ್ದಂತೆ ತೊಡೆ ತಟ್ಟಿಕೊಂಡರು.

"ಆಚಿ ಊರಿನಂವ ಇಲ್ಲೇ ಅದಾನಲ್ಲೋ! ಉಂಗುರಪ್ಪಂದು ನನಗ ಬಿಡು. ಹುಡುಗಂದು ನಿನ್ನ ಹಲಗಿ, ಅವಂದು ನನ್ನ ಪೇಟಿ. ನೋಡೇ ಬಿಡೋಣು."

ಆಮೇಲಿನದು ಸಂಗೀತವೋ ಜಗಳವೋ ನಾನು ಹೇಳಲಾರೆ. ಹುಡುಗನ ಏಟು ಹಲಗಿಯಲ್ಲಿ ಸಿಡಿದರೆ ಉಂಗುರಪ್ಪನ ಏಟು ಪೇಟಿಯ ತಳದಿಂದ ಗುಮ್ಮೆಂದು ಬರುತ್ತಿತ್ತು. ಕಣ್ಣು ಮುಚ್ಚಿದರೂ ಯಾರು ಯಾರಿಗೆ ಹೊಡೆದರು ಎಂದು ಗೊತ್ತಾಗುತ್ತಿತ್ತು. ಇಬ್ಬರೂ ಪರಸ್ಪರ ಕೆಣಕುತ್ತ ಬಾರಿಸುತ್ತಿದ್ದರು. "ತಗೋ!" "ಹಾ, ಇಷ್ಟೇನು?" "ನಿಮ್ಮಂವ ಮುಗ್ಗರಿಸಿದ ನೋಡೋ!" "ಏಳ್ತಾನ ತಡೀರಿ!" ನಾನು ಪ್ರತಿ ಸಲವೂ ನಿಲ್ಲಿಸಿ, "ಬಾಯಿ ಮುಚ್ಚಿ ಬಾರಸ್ರಿ, ಎಲ್ಲಾ ಮೈಕಿನಾಗ ಬರಾಕತ್ತೈತಿ," ಎನ್ನಬೇಕಾಗುತ್ತಿತ್ತು. ಇಬ್ಬರೂ ಶಾಲೆಯ ಮಕ್ಕಳ ಹಾಗೆ ತಲೆ ತಗ್ಗಿಸುತ್ತಿದ್ದರು.

ಕೊನೆಯ ಕಾಳಗ ಉಳಿಯಿತು. ಅದಕ್ಕೆ ನಡುವೆ ಕಡಿಯದ ಒಂದೇ ರೆಕಾರ್ಡಿಂಗ್ ಬೇಕೆಂದು ಮಾಸ್ತರರ ಹಟ. ಆದರೆ ಅಲ್ಲಿಂದಾಚೆ ಬೆಟಗೇರಿಯಲ್ಲಿ ಕರೆಂಟ್ ಹೋಗಲೇ ಇಲ್ಲ. ನನ್ನ ಪಂಚಾಂಗದ ಪ್ರಕಾರ ಹೋಗಲೇಬೇಕಾದ ಹೊತ್ತಿಗೂ ಹೋಗಲಿಲ್ಲ. ಗುರುವಾರ, ಶುಕ್ರವಾರ, ಶನಿವಾರ. ಮಗ್ಗಗಳು ಖಟಾಖಟ್ ಎನ್ನುತ್ತಲೇ ಇದ್ದವು. ಸಂಜೆ ಅವು ನಿಲ್ಲುವ ಹೊತ್ತಿಗೆ ಈರಣ್ಣ ಶಿರಹಟ್ಟಿಯ ಬಸ್ಸು ಹಿಡಿಯಬೇಕಿತ್ತು. ಸಾವುಕಾರರು ದೇವರಿಗೆ ಕಾಯಿ ಹರಸಿಕೊಂಡರು, ಕರೆಂಟ್ ಹೋಗಲಿ ಎಂದು.

ಭಾನುವಾರವೂ ಮಗ್ಗ ನಡೆದಿತ್ತು, ಮದುವೆಯ ಸೀರೆಗಳ ಕಾಲ ಅದು. ಮಧ್ಯಾಹ್ನ ಮಾಸ್ತರ್ ಒಂದೇ ಚಪ್ಪಲಿಯಲ್ಲಿ ಎದ್ದು ಪಕ್ಕದ ಶೆಡ್ಡಿಗೆ ಹೋದರು. ನಾನೂ ಹಿಂದೆ ಹೋದೆ.

"ತಮ್ಮಾಗೋಳ್ರ್ಯಾ, ಕಾಲ ತಾಸು ಮಗ್ಗ ನಿಲ್ಲಸ್ರಿ. ಒಂದ ಕಾಳಗ ಐತಿ."

"ಯಾರ್ ಯಾರಿಗೆ ಮಾಸ್ತರ?" ಎಂದು ಒಬ್ಬ ಗಾಬರಿಯಿಂದ ಕೇಳಿದ.

"ಅಂಬಿಗರ ಹುಡುಗಗ, ಉಂಗುರಪ್ಪಗ. ಚೀನಾದಾಗ."

ನೇಕಾರರು ತಮ್ಮೊಳಗೆ ಮಾತಾಡಿಕೊಂಡರು. ನಿಲ್ಲಿಸುತ್ತೇವೆ, ಆದರೆ ನಮಗೂ ತೋರಿಸಬೇಕು ಎಂದರು. ಹೀಗೆ ಎಂಟು ಮಗ್ಗದವರು, ನೂಲಿನ ಕಂಡಿಕೆ ಸುತ್ತುವ ಹೆಂಗಸರು, ಎಲ್ಲರೂ ನಮ್ಮ ಎರಡು ಕೋಣೆಯ ಸ್ಟುಡಿಯೋದಲ್ಲಿ ಗೋಡೆಗೆ ಅಂಟಿ ನಿಂತರು. ಈರಣ್ಣ ಹೊರಗೆ ರದ್ದಿ ಕಾಗದ ಸುಟ್ಟು ಹಲಗಿ ಕಾಸಿಕೊಂಡು ಬಂದರು. ಮಾಸ್ತರ್ ಎದ್ದು ನಿಂತು ಕಂಪನಿಯ ದನಿಯಲ್ಲಿ ಹೇಳಿದರು: "ಯಾರೂ ಕೆಮ್ಮಬಾರ್ದು. ಯಾರೂ ಸೀಟಿ ಹೊಡೀಬಾರ್ದು. ಹುಡುಗಗ ಏನಾದ್ರೂ ಆತಂದ್ರ ಉಸರ ಬಿಡಬಾರ್ದು. ಉಸರ ಬಿಟ್ರ ಪಿಚ್ಚರ್ ಕೆಡತೈತಿ, ನಾನೂ ಕೆಡ್ತೀನಿ." ಎಷ್ಟೋ ವರ್ಷಗಳ ಮೇಲೆ ತುಂಬಿದ ಮನೆ ನೋಡಿದ ಸಡಗರ ಅವರ ಮುಖದಲ್ಲಿತ್ತು.

ಒಂದೇ ಸಲಕ್ಕೆ ಮುಗಿಯಿತು. ನೇಕಾರರಲ್ಲಿ ಒಬ್ಬರೂ ತುಟಿ ಬಿಚ್ಚಲಿಲ್ಲ. ನಾನು ಕೈ ಎತ್ತಿ ಆಯಿತು ಎಂದ ಮೇಲೆ ಎದ್ದ ಸೀಟಿಗಳಿಗೆ ಗಾದಿಯ ಧೂಳು ಉದುರಿತು.

ಸೋಮವಾರ ಪಾರ್ಟಿಯವರು ಬಂದರು. ಕೈಯಲ್ಲಿ ಮೊಬೈಲ್ ಹಿಡಿದುಕೊಂಡೇ ನೋಡತೊಡಗಿದವರು ಉಂಗುರಪ್ಪ ಬಂದ ಮೇಲೆ ಅದನ್ನು ಜೇಬಿಗೆ ಹಾಕಿಕೊಂಡರು. ಕೊನೆಗೆ ಒಂದೇ ಪ್ರಶ್ನೆ ಕೇಳಿದರು.

"ಎಲ್ಲಾ ಬರೋಬ್ಬರಿ ಐತಿ. ಆದರ ಚೀನಾದಾಗ ಪೇಟಿ ಎಲ್ಲಿಂದ ಬಂತು?"

ಸಾವುಕಾರರ ಮುಖ ಬಿಳಿಚಿತು. ಮಾಸ್ತರ್ ಹಿಂದಿನ ಕುರ್ಚಿಯಿಂದಲೇ ಉತ್ತರ ಕೊಟ್ಟರು: "ಅಲ್ಲರಿ, ಆ ಮಂದಿ ಮುಂಜಾನಿಂದ ಗದಗಿನ ಕನ್ನಡ ಮಾತಾಡಾಕತ್ಯಾರ, ಅದಕ್ಕ ನೀವೇನೂ ಅನ್ನಲಿಲ್ಲ. ಪೇಟಿಗಷ್ಟ ಯಾಕ ಪರವಾನಿಗಿ ಕೇಳ್ತೀರಿ?"

ಪಾರ್ಟಿಯವರು ನಕ್ಕರು. ಅಂಬಿಗರ ಪಿಚ್ಚರ್ ಮಾಸ್ತರರ ಸಂಗೀತದಲ್ಲೇ ಹೊರಗೆ ಬಂತು. ಅದರ ಹಿಂದೆ ಇನ್ನೂ ನಾಲ್ಕು ಚಿತ್ರ ಮಾಡಿದೆವು. ಪ್ರತಿ ಚಿತ್ರದಲ್ಲೂ ಹುಡುಗನ ಪಕ್ಷ ಈರಣ್ಣ, ದುಷ್ಟರ ಪಕ್ಷ ಮಾಸ್ತರ್. ನಾಲ್ಕನೆಯದರಲ್ಲಿ ಹುಡುಗ ಸತ್ತುಹೋದಾಗ ಈರಣ್ಣ ಎರಡು ದಿನ ಕೆಲಸಕ್ಕೆ ಬರಲಿಲ್ಲ. ಮಾಸ್ತರ್ ತಾವೇ ಬಸ್ ಹತ್ತಿ ಶಿರಹಟ್ಟಿಗೆ ಹೋಗಿ, "ಕಥಿ ನಾ ಬರದಿಲ್ಲೋ ಮಾರಾಯಾ," ಎಂದು ಸಮಾಧಾನ ಮಾಡಿ ಕರೆತಂದರು.

ಆ ದಿನಗಳಲ್ಲಿ ಮಾಸ್ತರ್ ಯಾವ ಚಹಾದಂಗಡಿಗೆ ಹೋದರೂ ಮೊಬೈಲ್ ಹಿಡಿದವರ ಪಕ್ಕದಲ್ಲೇ ಕೂರುತ್ತಿದ್ದರು. ಲಕ್ಷ್ಮೇಶ್ವರದ ಬಸ್ಸಿನಲ್ಲಿ ಒಬ್ಬನು ನಮ್ಮ ಪಿಚ್ಚರ್ ನೋಡುತ್ತಿದ್ದನೆಂದು ತಮ್ಮ ಸ್ಟಾಪಿನಲ್ಲಿ ಇಳಿಯದೆ ಮುಂದಕ್ಕೆ ಹೋಗಿಬಿಟ್ಟಿದ್ದರು. "ಕಾಳಗ ಮುಗೀಲಿಲ್ಲಲ್ಲ, ಹೆಂಗ ಇಳೀಲಿ?" ಎಂದು ನಮ್ಮನ್ನೇ ಕೇಳಿದರು.

ಕಳೆದ ವರ್ಷ ಪಾರ್ಟಿಯವರು ಐದೂ ಚಿತ್ರಗಳನ್ನು ಬೇರೆ ಚಾನೆಲ್ಲಿನವರಿಗೆ ಮಾರಿದರು. ಅವರಿಗೆ ಎಲ್ಲ ಚಿತ್ರಗಳ ಸಂಗೀತವೂ ಒಂದೇ ಬಗೆಯಾಗಿರಬೇಕಿತ್ತು. ನಾನು ಮಾತು, ಸದ್ದು, ಸಂಗೀತ ಮೂರನ್ನೂ ಅಚ್ಚುಕಟ್ಟಾಗಿ ಬೇರೆ ಬೇರೆ ಮಾಡಿ ಕೊಟ್ಟಿದ್ದೆ. ಆದ್ದರಿಂದ ಅವರಿಗೆ ಸಂಗೀತ ಒಂದನ್ನೇ ಕಿತ್ತುಹಾಕಲು ಏನೂ ಕಷ್ಟವಾಗಲಿಲ್ಲ. ಹಳೆಯ ಚಾನೆಲ್ ಮುಚ್ಚಿತು. ನಮ್ಮ ಡಿಸ್ಕಿನಲ್ಲಿ ಜಾಗ ಸಾಲದೆ ಸಾವುಕಾರರು ನಮ್ಮ ಪ್ರತಿಯನ್ನು ಅಳಿಸಿ ಮದುವೆಯ ವಿಡಿಯೋಗಳನ್ನು ತುಂಬಿಸಿದ್ದರು. ವಿಷಯ ತಿಳಿದಾಗ ಮಾಸ್ತರ್ ಟೊಪ್ಪಿಗೆ ತೆಗೆದು ಒಳಗೆ ನೋಡಿದರು. ಬಹಳ ಹೊತ್ತು ನೋಡಿದರು. ಆಮೇಲೆ, "ಉಂಗುರಪ್ಪಗ ಈಗ ಯಾರ್ ಬಾರಸ್ತಾರ?" ಎಂದು ಕೇಳಿದರು. ಕಂಪ್ಯೂಟರ್ ಎಂದೆ. "ಪಾಪ, ಒಬ್ಬಂಟಿ ಆದ," ಎಂದು ನಕ್ಕರು. ಈ ಫೆಬ್ರವರಿಯಲ್ಲಿ ಮುಂಡರಗಿಗೆ ಮಗಳ ಮನೆಗೆ ಹೋದವರು ಅಲ್ಲಿಯೇ, ಮಧ್ಯಾಹ್ನ ಊಟ ಮಾಡಿ ಮಲಗಿದವರು ಏಳಲಿಲ್ಲ.

ಮೂರು ವಾರದಿಂದ ಗದಗ, ಬೆಟಗೇರಿಯ ಮೊಬೈಲ್ ಅಂಗಡಿಗಳಲ್ಲಿ ವಿಚಾರಿಸಿದ್ದೇನೆ. ಮೆಮೊರಿ ಕಾರ್ಡಿಗೆ ಚಿತ್ರ ತುಂಬಿ ಕೊಡುತ್ತಿದ್ದವರು ಈ ಚಿತ್ರಗಳನ್ನು ನೂರಾರು ಜನರಿಗೆ ಹಾಕಿಕೊಟ್ಟೆವು ಎನ್ನುತ್ತಾರೆ, ಅವರಲ್ಲಿ ಮಾತ್ರ ಉಳಿದಿಲ್ಲ. ಹಾಗಾದರೆ ಆ ಕಾರ್ಡುಗಳು ಎಲ್ಲೋ ಇವೆ. ಲಕ್ಕುಂಡಿಯಲ್ಲಿ, ಶಿರಹಟ್ಟಿಯಲ್ಲಿ, ಯಾರದೋ ಗೂಡಿನಲ್ಲಿ ಬಿದ್ದ ಹಳೆಯ ಮೊಬೈಲಿನೊಳಗೆ.

ನಿಮ್ಮಲ್ಲಿದ್ದರೆ ಗುರುತು ಹಿಡಿಯುವುದು ಹೀಗೆ. ಕೊನೆಯ ಕಾಳಗದಲ್ಲಿ ಹುಡುಗ ನೀರಿಗೆ ಬೀಳುತ್ತಾನೆ. 'ಹೋದ' ಎಂದು ಎಲ್ಲರೂ ತಿಳಿಯುವ ಹೊತ್ತು ಅದು. ಹಲಗಿ ನಿಲ್ಲುತ್ತದೆ, ಪೇಟಿಯೂ ನಿಲ್ಲುತ್ತದೆ. ಆ ಮೌನದಲ್ಲಿ ಚಿತ್ರದವರಲ್ಲದ ಒಬ್ಬ ಮುದುಕರ ದನಿ ಮೆಲ್ಲಗೆ ಕೇಳುತ್ತದೆ: "ಏಳೋ ತಮ್ಮಾ, ಏಳು." ಎಲ್ಲರಿಗೂ ಉಸಿರು ಬಿಡಬೇಡಿ ಎಂದವರು, ಜೀವನವಿಡೀ ಉಂಗುರಪ್ಪನಂಥವರಿಗೆ ಬಾರಿಸಿದವರು, ಆ ಹೊತ್ತಿನಲ್ಲಿ ಪಕ್ಷ ಬದಲಿಸಿಬಿಟ್ಟಿದ್ದರು. ಅವರಿಗೇ ಅದು ತಿಳಿದಿರಲಿಲ್ಲ. ಪಾರ್ಟಿಯವರು ಗಮನಿಸಲಿಲ್ಲ, ಸಾವುಕಾರರಿಗೂ ಕೇಳಿಸಲಿಲ್ಲ. ನನಗೆ ಕೇಳಿಸಿತ್ತು. ತೆಗೆಯಲು ಒಂದು ಗುಂಡಿ ಒತ್ತಿದರೆ ಸಾಕಿತ್ತು. ಒತ್ತಲಿಲ್ಲ.

ಆ ದನಿ ಇರುವ ಪ್ರತಿ ಯಾರಲ್ಲಾದರೂ ಇದ್ದರೆ ದಯವಿಟ್ಟು ಅಳಿಸಬೇಡಿ, ಈ ಪತ್ರಿಕೆಗೆ ಒಂದು ಸಾಲು ಬರೆಯಿರಿ. ನೀವು ಕಾರ್ಡು ಕಳಿಸಬೇಕಾಗಿಲ್ಲ, ಊರು ಹೇಳಿದರೆ ಸಾಕು. ಬಸ್ಸು ಹತ್ತಿ ನಾವೇ ಬರುತ್ತೇವೆ, ನಾನು ಮತ್ತು ಅಮ್ಮಾರು.